ಒಳಮಾತಿನ ಸಾಕ್ಷಿ

ಮಾರ್ಚ್ 9, ಬೆಳಿಗ್ಗೆ 10.20. ಠಾಣೆಯ ಹೊರಗಿನ ಬೆಂಚಿನ ಮೇಲೆ ಒಬ್ಬ ಹೆಂಗಸು ಅರ್ಧ ಗಂಟೆಯಿಂದ ಕೂರುವುದು, ಎದ್ದು ಗೇಟಿನವರೆಗೆ ಹೋಗುವುದು, ಮತ್ತೆ ಬಂದು ಕೂರುವುದು ಮಾಡುತ್ತಿದ್ದಾರೆ ಎಂದು ಸೆಂಟ್ರಿ ಬಂದು ಹೇಳಿದ. ಇನ್‌ಸ್ಪೆಕ್ಟರ್ ಆಗಷ್ಟೇ ಎರಡು ಸೈಕಲ್ ಕಳವು ಮತ್ತು ಒಂದು ಕಾಂಪೌಂಡ್ ಜಗಳದ ಕಾಗದಗಳಿಗೆ ಸಹಿ ಹಾಕಿ ಪೆನ್ನು ಮುಚ್ಚಿದ್ದರು. ಠಾಣೆಗೆ ಬರುವವರಲ್ಲಿ ಬಾಗಿಲಲ್ಲೇ ಕೂಗಾಡುವವರು ಒಂದು ಥರ, ಬೆಂಚು ಸವೆಸುವವರು ಇನ್ನೊಂದು ಥರ. ತಲೆ ತಿನ್ನುವುದು ಯಾವಾಗಲೂ ಎರಡನೆಯವರ ಕೇಸುಗಳೇ ಎಂಬುದು ಅವರ ಇಪ್ಪತ್ತಾರು ವರ್ಷದ ಅನುಭವ. ಒಳಗೆ ಕಳಿಸಲು ಹೇಳಿದರು.

ಬಂದಾಕೆ ವಿಶ್ವವಿದ್ಯಾಲಯದ ಭಾಷಾ ವಿಭಾಗದ ಸಂಶೋಧಕಿ, ನಲವತ್ತರ ಆಸುಪಾಸು. ಹೆಗಲ ಚೀಲವನ್ನು ತೊಡೆಯ ಮೇಲಿಟ್ಟುಕೊಂಡು ಅದರ ಪಟ್ಟಿಯನ್ನು ಬೆರಳಿಗೆ ಸುತ್ತುತ್ತಾ ಬಿಚ್ಚುತ್ತಾ ಕುಳಿತರು. ಪಕ್ಕದಲ್ಲಿ ಹೆಡ್ ಕಾನ್ಸ್‌ಟೇಬಲ್ ನೋಟ್‌ಬುಕ್ ತೆರೆದ. ಠಾಣೆಯಲ್ಲಿ ಅವನನ್ನು ಎಲ್ಲರೂ ಗಡಿಯಾರ ಎನ್ನುತ್ತಿದ್ದರು; ಊಟಕ್ಕೆ ಎದ್ದ ಹೊತ್ತನ್ನೂ ಬರೆದಿಡುವ ಆಸಾಮಿ.

"ದೂರು ಯಾರ ಮೇಲೆ?"

"ಗುಡ್ಡದ ಮಠದ ಅಡುಗೆಯವರ ಮೇಲೆ."

"ಏನು ಮಾಡಿದ್ರು?"

"ಅಲ್ಲಿನ ಹಿರಿಯರನ್ನ ಸಾಯಿಸಿದ್ರು. ಕೈ ಎತ್ತಿಲ್ಲ. ಒಂದು ಸುಳ್ಳು ಹೇಳಿದ್ರು, ಅಷ್ಟೇ."

ಮುಂದಿನ ಮುಕ್ಕಾಲು ಗಂಟೆಯಲ್ಲಿ ಆಕೆ ಹೇಳಿದ್ದರ ಸಾರಾಂಶ ಇದು. ಊರಾಚೆಯ ಗುಡ್ಡದ ಮೇಲಿನ ಮಠದವರು ಹೊರಗಿನವರೊಂದಿಗೆ ಬೆರೆಯುವವರಲ್ಲ. ಅವರಿಗೆ ಅವರದೇ ಒಂದು ಭಾಷೆಯಿದೆ. ಅದಕ್ಕೆ ಬೇರೆ ಹೆಸರಿಲ್ಲ, ಒಳಮಾತು ಎನ್ನುತ್ತಾರೆ. ನಾವು ನೀವು ಆಡುವುದೆಲ್ಲ ಅವರ ಪಾಲಿಗೆ ಹೊರಮಾತು. ಒಳಮಾತಿಗೆ ಲಿಪಿಯಿಲ್ಲ. ಮಠದ ಗೋಡೆ ದಾಟಿದ ಮೇಲೆ ಅದನ್ನು ಆಡುವಂತೆಯೂ ಇಲ್ಲ. ಒಂದು ಕಾಲಕ್ಕೆ ನಲವತ್ತು ಜನರಿದ್ದ ಮಠಕ್ಕೆ ಈಚೆಗೆ ಮೂವತ್ತು ವರ್ಷದಿಂದ ಹೊಸಬರು ಯಾರೂ ಸೇರಿಲ್ಲ. ಕೊನೆಗೆ ಉಳಿದವರು ಇಬ್ಬರು: ಎಂಬತ್ತೆಂಟು ವರ್ಷದ ಹಿರಿಯರು ಮತ್ತು ಅರವತ್ತೊಂಬತ್ತು ವರ್ಷದ ಅಡುಗೆಯವರು. ಸಂಶೋಧಕಿ ಆರು ವರ್ಷದಿಂದ ಪ್ರತಿ ತಿಂಗಳ ಮೊದಲ ವಾರ ಹೋಗಿ ಅವರಿಬ್ಬರ ಮಾತನ್ನು ರೆಕಾರ್ಡ್ ಮಾಡಿಕೊಂಡು ಬರುತ್ತಿದ್ದರು. ಎರಡು ವರ್ಷದ ಹಿಂದೆ ಹಿರಿಯರಿಗೆ ಲಕ್ವ ಹೊಡೆಯಿತು. ಕೈಕಾಲು ಹೇಗೋ ಚೇತರಿಸಿಕೊಂಡವು, ಆದರೆ ಹೊರಮಾತು ಪೂರ್ತಿ ಅಳಿಸಿಹೋಯಿತು. ಉಳಿದ ಒಳಮಾತನ್ನೂ ತೊದಲಿಕೊಂಡೇ ಆಡಬೇಕಿತ್ತು. ಅಲ್ಲಿಂದಾಚೆಗೆ ಹೊರಗಿನವರಿಗೂ ಅವರಿಗೂ ನಡುವೆ ದುಭಾಷಿ ಎಂದರೆ ಅಡುಗೆಯವರೊಬ್ಬರೇ.

ಫೆಬ್ರವರಿ 17ರಂದು ಆರೋಗ್ಯ ಕೇಂದ್ರದ ಡಾಕ್ಟರ್ ಮಠಕ್ಕೆ ಹೋಗಿ ಹಿರಿಯರ ಎಡಗಾಲಿನ ಹುಣ್ಣು ನೋಡಿದರು. ತಕ್ಷಣ ದೊಡ್ಡಾಸ್ಪತ್ರೆಗೆ ಸಾಗಿಸಬೇಕು ಎಂದರು. ಅಡುಗೆಯವರು ಅದನ್ನು ಹಿರಿಯರಿಗೆ ಹೇಳಿ, ಉತ್ತರ ಕೇಳಿ, "ಬರಲ್ಲ ಅಂತಾರೆ" ಎಂದು ಡಾಕ್ಟರಿಗೆ ತಿಳಿಸಿದರು. 28ರ ಬೆಳಿಗ್ಗೆ ಹಿರಿಯರು ತೀರಿಕೊಂಡರು. ಮಾರ್ಚ್ 3ರಂದು ಸಂಶೋಧಕಿ ಹೋಗುವಷ್ಟರಲ್ಲಿ ಮಣ್ಣು ಮಾಡಿಯೂ ಆಗಿತ್ತು. ಹಿರಿಯರ ಕೋಣೆಯ ಮೊಳೆಯಲ್ಲಿ ಆಕೆ ನೇತುಹಾಕಿದ್ದ ಪುಟ್ಟ ರೆಕಾರ್ಡರ್ ಹಾಗೇ ಇತ್ತು. ಅದು ದಿನಾ ಹತ್ತರಿಂದ ಒಂದು ಗಂಟೆಯವರೆಗೆ ತಾನಾಗಿ ಓಡುವಂಥದ್ದು. 17ರಂದು ಡಾಕ್ಟರ್ ಇದ್ದಾಗಲೇ ಬ್ಯಾಟರಿ ಮುಗಿದು ನಿಂತಿತ್ತು, ಅಲ್ಲಿಯವರೆಗಿನದೆಲ್ಲ ಅದರಲ್ಲಿತ್ತು. ಮಾರ್ಚ್ 7ರಂದು ಮನೆಯಲ್ಲಿ ಕುಳಿತು ಕೇಳಿದಾಗ ಡಾಕ್ಟರ್ ಪ್ರಶ್ನೆಗೆ ಹಿರಿಯರು ಕೊಟ್ಟ ಉತ್ತರ ಆಕೆಗೆ ಗೊತ್ತಾಯಿತು. ಅವರು ಬರುತ್ತೇನೆ ಎಂದಿದ್ದರು.

"ನಿಮಗೆ ಆ ಭಾಷೆ ಪೂರ್ತಿ ಬರುತ್ತಾ?"

"ಕೇಳಿದ್ರೆ ಮುಕ್ಕಾಲು ಭಾಗ ಅರ್ಥ ಆಗುತ್ತೆ. ಮಾತಾಡೋಕೆ ಬರಲ್ಲ. ಹೊರಗಿನವರಿಗೆ ಮಾತಾಡೋಕೆ ಬಿಡಲ್ಲ."

"ಪೂರ್ತಿ ಬರೋರು ಬೇರೆ ಯಾರಿದ್ದಾರೆ?"

"ಆರೋಪಿಗೇ ಬರೋದು." ಆಕೆ ಚೀಲದ ಪಟ್ಟಿಯನ್ನು ಕೈಬಿಟ್ಟರು. "ಸಾರ್, ನಾನು ಈ ದೂರು ಕೊಡದೇ ಇದ್ರೆ ಇನ್ನೂ ಹತ್ತು ವರ್ಷ ಅವರ ಜೊತೆ ಕೆಲಸ ಮಾಡಬಹುದು. ಎಲ್ಲ ಉಳಿಸಿಕೊಳ್ಳಬಹುದು. ಕೊಟ್ರೆ ಅವರು ಒಳಗೆ ಹೋಗ್ತಾರೆ, ಭಾಷೆ ಅಲ್ಲಿಗೆ ಮುಗೀತು. ಮುಗಿಸಿದ್ದು ನಾನೇ ಆಗ್ತೀನಿ."

ಇನ್‌ಸ್ಪೆಕ್ಟರ್‌ಗೆ ಆಕೆಯ ಮೇಲೆ ಕನಿಕರ ಬಂತು. ಆದರೆ ಕನಿಕರಕ್ಕೆ ಫಾರಂ ಇಲ್ಲ. ಬಿಳಿ ಹಾಳೆ ಮುಂದಿಟ್ಟು, ಬರೆದುಕೊಡುವುದಾದರೆ ಬರೆಯಿರಿ, ಎದ್ದು ಹೋದರೆ ತಾವು ತಡೆಯುವುದಿಲ್ಲ ಎಂದರು. ಆಕೆ ಬರೆದುಕೊಟ್ಟರು. ಒಂದು ಸುಳ್ಳಿಗೆ ಯಾವ ಕಲಂ ಹಾಕುವುದು ಎಂದು ಠಾಣೆಯ ರೈಟರ್ ತಲೆ ಕೆರೆದುಕೊಂಡ. ಸರ್ಕಾರಿ ವಕೀಲರಿಗೆ ಫೋನ್ ಮಾಡಿ ಕೇಳಿ, ಮಧ್ಯಾಹ್ನ 1.15ಕ್ಕೆ ಕೊಲೆಯಲ್ಲದ ದಂಡನೀಯ ನರಹತ್ಯೆ ಎಂದು ಎಫ್‌ಐಆರ್ ದಾಖಲಾಯಿತು. ಫೋನ್ ಇಡುವ ಮುನ್ನ ವಕೀಲರು ಒಂದು ಮಾತು ಸೇರಿಸಿದರು: ದೂರುದಾರಳೇ ಅನುವಾದಕಿಯಾದರೆ ನ್ಯಾಯಾಲಯದಲ್ಲಿ ನಿಲ್ಲುವುದಿಲ್ಲ, ಇನ್ನೊಬ್ಬರನ್ನು ಹುಡುಕಿ. ಹುಡುಕುವುದೇನೋ ಸರಿ, ಎಲ್ಲಿ ಹುಡುಕುವುದು ಎಂದು ಅವರು ಹೇಳಲಿಲ್ಲ.

ಅದೇ ದಿನ 3.30ಕ್ಕೆ ಇನ್‌ಸ್ಪೆಕ್ಟರ್ ಗಡಿಯಾರನನ್ನು ಕರೆದುಕೊಂಡು ಆರೋಗ್ಯ ಕೇಂದ್ರಕ್ಕೆ ಹೋದರು. ಡಾಕ್ಟರ್ ಕೇಳುವ ಮೊದಲೇ ರಿಜಿಸ್ಟರ್ ತೆಗೆದು ಮೇಜಿನ ಮೇಲಿಟ್ಟರು. ಫೆಬ್ರವರಿ 17, 11.40, ರೋಗಿ ಚಿಕಿತ್ಸೆ ನಿರಾಕರಿಸಿದ್ದಾರೆ. ಪಕ್ಕದಲ್ಲಿ ಲಗತ್ತಿಸಿದ ನಿರಾಕರಣೆ ಫಾರಂ, ಕೆಳಗೆ ಎಡಗೈ ಹೆಬ್ಬೆಟ್ಟಿನ ಗುರುತು. ಗುರುತು ಸ್ಪಷ್ಟವಾಗಿತ್ತು, ಒತ್ತಿದವರು ಹಿಂಜರಿದಂತೆ ಕಾಣಲಿಲ್ಲ.

"ಇದರಲ್ಲಿ ಏನು ಬರೆದಿದೆ ಅಂತ ಹಿರಿಯರಿಗೆ ಹೇಳಿದ್ದು ಯಾರು?"

"ಅಡುಗೆಯವರು. ಇನ್ಯಾರು ಹೇಳೋದು?"

"ನೀವು ಅವರಿಗೆ ಏನು ಹೇಳಿದ್ರಿ? ಇದ್ದ ಹಾಗೇ ಹೇಳಿ."

ಇವತ್ತೇ ಬಂದರೆ ಕಾಲು ಹೋಗಬಹುದು, ಜೀವ ಉಳಿಯುತ್ತದೆ. ಇಲ್ಲೇ ಇದ್ದರೆ ಎರಡು ವಾರ ಬದುಕುವುದೂ ಕಷ್ಟ ಎಂದು ತಾವು ಹೇಳಿದ್ದಾಗಿ ಡಾಕ್ಟರ್ ಹೇಳಿಕೆ ಕೊಟ್ಟರು. ಆಂಬುಲೆನ್ಸ್ ಮಠದ ಬಾಗಿಲಲ್ಲೇ ನಿಂತಿತ್ತು. ಹಾಸಿಗೆಯನ್ನೂ ಕಾದಿರಿಸಿದ್ದರು. ಹೆಬ್ಬೆಟ್ಟು ಒತ್ತಿದ ಮೇಲೆ ಏನಾಯಿತು ಎಂದು ಕೇಳಿದಾಗ ಅವರು ಕನ್ನಡಕ ಒರೆಸಿಕೊಂಡರು.

"ಹಿರಿಯರು ಎದ್ದು ಕೂತ್ರು. ಶಾಲು ಕೇಳಿದ್ರು, ಅಡುಗೆಯವರು ಹೊದಿಸಿದ್ರು. ಆಮೇಲೆ ಮಂಚದ ಕೆಳಗೆ ಚಪ್ಪಲಿ ಕಡೆ ಕೈ ತೋರಿಸಿದ್ರು. ಚಳಿ ಇರಬೇಕು ಅಂದ್ಕೊಂಡೆ."

"ಚಪ್ಪಲಿ ಕೊಟ್ರಾ?"

"ಇಲ್ಲ."

ಡಾಕ್ಟರ್ ಹೇಳಿಕೆಗೆ ಸಹಿ ಹಾಕಿದರು. ಹೋಗುವಾಗ ಬಾಗಿಲವರೆಗೂ ಬಂದು, ತಮ್ಮ ತಪ್ಪು ಏನಾದರೂ ಇದೆಯೇ ಎಂದು ಕೇಳಿದರು. ಇನ್‌ಸ್ಪೆಕ್ಟರ್ ಆ ಪ್ರಶ್ನೆಗೆ ಉತ್ತರ ಕೊಡುವ ಅಧಿಕಾರ ತಮಗಿಲ್ಲ ಎಂದು ಜೀಪು ಹತ್ತಿದರು.

ಮಾರ್ಚ್ 10, ಬೆಳಿಗ್ಗೆ 9.40. ಗುಡ್ಡದ ಬುಡದ ಗ್ಯಾರೇಜಿನವನನ್ನೂ ಅಂಚೆಯವನನ್ನೂ ಪಂಚರಾಗಿ ಕರೆದುಕೊಂಡು ಮಠದಲ್ಲಿ ಸ್ಥಳ ಪಂಚನಾಮೆ ಶುರುವಾಯಿತು. ಉದ್ದನೆಯ ಮಲಗುವ ಕೋಣೆಯ ಗೋಡೆಯಲ್ಲಿ ನಲವತ್ತು ಗೂಟಗಳಿದ್ದವು, ಒಂದರಲ್ಲಿ ಮಾತ್ರ ಕಂಬಳಿ ಇತ್ತು. ಅಡುಗೆಮನೆಯಲ್ಲಿ ಆಳು ಕೂರುವಷ್ಟು ದೊಡ್ಡ ಎರಡು ಹಂಡೆಗಳು ಬೋರಲು ಬಿದ್ದಿದ್ದವು. ಒಲೆಯ ಮೇಲೆ ಒಂದು ಲೋಟ ನೀರು ಹಿಡಿಸುವ ಪಾತ್ರೆ. ಹಿರಿಯರ ಕೋಣೆ ಅಡುಗೆಮನೆ ಬಾಗಿಲ ಪಕ್ಕದಲ್ಲೇ. ಮಂಚ, ಮಣ್ಣಿನ ಹೂಜಿ, ಮಡಿಸಿಟ್ಟ ಶಾಲು, ಗೋಡೆಯಲ್ಲಿ ಖಾಲಿ ಮೊಳೆ, ಮಂಚದ ಕೆಳಗೆ ಒಂದು ಜೊತೆ ಚಪ್ಪಲಿ. ಗಡಿಯಾರ ಟೇಪು ಹಿಡಿದು ಮಂಚದಿಂದ ಮಠದ ಹೊರಬಾಗಿಲಿಗೆ ಮೂವತ್ತೆರಡು ಮೀಟರ್ ಎಂದು ಬರೆದ. ಇನ್‌ಸ್ಪೆಕ್ಟರ್ ಚಾಲಕನಿಗೆ ಜೀಪು ತಿರುಗಿಸಿ ಇಳಿಜಾರಿನಲ್ಲಿ ಸ್ವಲ್ಪ ದೂರ ಹೋಗಿಬರಲು ಹೇಳಿ ತಾವು ಮಂಚದ ಪಕ್ಕ ನಿಂತರು. ಎಂಜಿನ್ ಸದ್ದು ದೂರವಾಗುತ್ತಾ ಹೋಗಿದ್ದು ಕೊನೆಯವರೆಗೂ ಕೇಳಿಸಿತು. ಅದನ್ನೂ ಪಂಚನಾಮೆಯಲ್ಲಿ ಸೇರಿಸಿದರು.

ಅಡುಗೆಯವರು ಸಣ್ಣ ಆಳು. ಬೋಳು ತಲೆ, ಸುಟ್ಟ ಕಲೆಗಳ ಕೈ. ಪೊಲೀಸರನ್ನು ಕಂಡು ಗಾಬರಿಯಾದಂತೆ ಕಾಣಲಿಲ್ಲ. ಕೂರಲು ಮಣೆ ಕೊಟ್ಟು, ತಾವು ನಿಂತೇ ಇದ್ದರು.

"17ನೇ ತಾರೀಖು ಡಾಕ್ಟರ್ ಬಂದಾಗ ನೀವಿದ್ರಾ?"

"17ನೇ ತಾರೀಖು ಡಾಕ್ಟರ್ ಬಂದಾಗ ನಾನಿದ್ನಾ ಅಂತ ಕೇಳ್ತಿದ್ದೀರಿ. ಇದ್ದೆ."

"ಹಿರಿಯರು ಏನಂದ್ರು?"

"ಹಿರಿಯರು ಏನಂದ್ರು ಅಂತ ಕೇಳ್ತಿದ್ದೀರಿ. ಬರಲ್ಲ ಅಂದ್ರು."

ಗಡಿಯಾರನ ಕಿವಿ ಕೆಂಪಾಯಿತು. "ಏನ್ರೀ, ನಮ್ಮ ಹತ್ರ ಆಟ ಆಡ್ತಿದ್ದೀರಾ?"

"ನಿಮ್ಮ ಹತ್ರ ಆಟ ಆಡ್ತಿದ್ದೀನಾ ಅಂತ ಕೇಳ್ತಿದ್ದೀರಿ. ಇಲ್ಲ."

ಗಡಿಯಾರ ಪೆನ್ನು ಕೆಳಗಿಟ್ಟ. ಇನ್‌ಸ್ಪೆಕ್ಟರ್ ಕಣ್ಣಲ್ಲೇ ಅವನನ್ನು ತಡೆದರು. ಕೇಳಿದಾಗ ಅಡುಗೆಯವರೇ ವಿವರಿಸಿದರು. ಮಠದಲ್ಲಿ ಒಬ್ಬರು ಆಡಿದ್ದನ್ನು ಕೇಳಿದವರು ಮೊದಲು ಒಪ್ಪಿಸಬೇಕು, ಮಕ್ಕಳು ಪಾಠ ಒಪ್ಪಿಸುವ ಹಾಗೆ, ಒಂದು ಪದ ಬಿಡದೆ. ಆಮೇಲೆ ತಮ್ಮ ಉತ್ತರ. ಬರವಣಿಗೆ ಇಲ್ಲದ ಜನ, ಮಾತು ಕೈತಪ್ಪಿ ಹೋಗಬಾರದು ಎಂದು ಯಾರೋ ಯಾವ ಕಾಲದಲ್ಲೋ ಮಾಡಿದ ನಿಯಮ. ಐವತ್ತೆರಡು ವರ್ಷದ ಅಭ್ಯಾಸ, ಹೊರಮಾತಿಗೂ ಅಂಟಿಕೊಂಡಿದೆ ಎಂದರು. ಒಬ್ಬರ ಮಾತನ್ನು ಒಪ್ಪಿಸದೆ ಬಿಟ್ಟರೆ ಅವರು ಅದನ್ನು ಆಡಲೇ ಇಲ್ಲ ಎಂದ ಹಾಗೆ. ಅದಕ್ಕಿಂತ ದೊಡ್ಡ ಅವಮಾನ ಮಠದಲ್ಲಿಲ್ಲ.

ಹಿರಿಯರು ಬರುತ್ತೇನೆ ಎಂದದ್ದು ರೆಕಾರ್ಡಿನಲ್ಲಿದೆಯಲ್ಲ ಎಂದು ಕೇಳಿದ್ದಕ್ಕೆ ಅವರು ಪ್ರಶ್ನೆಯನ್ನು ಪೂರ್ತಿ ಒಪ್ಪಿಸಿ, ಆಮೇಲೆ ಶಾಂತವಾಗಿ ಉತ್ತರಿಸಿದರು. ಲಕ್ವ ಹೊಡೆದ ನಾಲಿಗೆ, ಎಂಬತ್ತೆಂಟು ವರ್ಷ. ಅರ್ಧ ಮಾತು ಬಾಯಲ್ಲೇ ಉಳಿಯುತ್ತಿತ್ತು. ತಮಗೆ ಬರಲ್ಲ ಎಂದು ಕೇಳಿಸಿತು, ಅದನ್ನೇ ಹೇಳಿದೆ. ಸಂಶೋಧಕಿಗೆ ಬರುತ್ತೇನೆ ಎಂದು ಕೇಳಿಸಿದ್ದರೆ ಅದು ಅವರ ಕಿವಿ.

ಇಳಿಯುವಾಗ ಜೀಪಿನಲ್ಲಿ ಗಡಿಯಾರ, "ಇವರನ್ನ ಯಾವ ಕೋರ್ಟೂ ಹಿಡಿಯೋಕಾಗಲ್ಲ ಸಾರ್. ಕೇಳಿಸಿಲ್ಲ ಅಂದ್ರೆ ಮುಗೀತು. ನನ್ನ ಹೆಂಡ್ತಿ ಹತ್ರ ನಾನೂ ದಿನಾ ಅದನ್ನೇ ಹೇಳಿ ಬಚಾವಾಗ್ತೀನಿ" ಎಂದ.

ಮಾರ್ಚ್ 11ರ ಬೆಳಿಗ್ಗೆ ದಂಡಾಧಿಕಾರಿಗಳ ಸಮ್ಮುಖದಲ್ಲಿ ಶವ ಹೊರತೆಗೆದು ಪರೀಕ್ಷೆ ಮಾಡಿಸಲಾಯಿತು. ಕಾಲಿನಿಂದ ನಂಜು ರಕ್ತಕ್ಕೆ ಏರಿ ಸಾವು, ಬೇರೆ ಗಾಯವಿಲ್ಲ. ಮಧ್ಯಾಹ್ನ ಎರಡಕ್ಕೆ ಸಂಶೋಧಕಿಯನ್ನು ಠಾಣೆಗೆ ಕರೆಸಿ ಆ ದಿನದ ರೆಕಾರ್ಡನ್ನು ಮೂರು ಸಲ ಕೇಳಿದರು. ಮೊದಲು ಡಾಕ್ಟರ್ ದನಿ. ಆಮೇಲೆ ಅಡುಗೆಯವರು ಒಳಮಾತಿನಲ್ಲಿ ಏನೋ ಹೇಳುತ್ತಾರೆ. ಹಿರಿಯರ ಉತ್ತರ: ತೊದಲು, ನಡುವೆ ಉಸಿರು, ಮತ್ತೆ ತೊದಲು. ಮುದುಕರ ಮಾತು ಯಾವ ಭಾಷೆಯದಾದರೂ ಹೀಗೇ ಇರುತ್ತದೆ, ಇದರಲ್ಲಿ ಹೌದು ಯಾವುದು, ಇಲ್ಲ ಯಾವುದು ಎಂದು ದೇವರೇ ಹೇಳಬೇಕು ಎನಿಸಿತು ಇನ್‌ಸ್ಪೆಕ್ಟರ್‌ಗೆ. ಅದರ ಬೆನ್ನಿಗೆ ಅಡುಗೆಯವರ ದನಿ, ಸ್ಪಷ್ಟವಾಗಿ, ಆರೆಂಟು ಪದ. ಆಮೇಲೆ ಹೊರಮಾತಿನಲ್ಲಿ, "ಬರಲ್ಲ ಅಂತಾರೆ." ಅಲ್ಲಿಗೆ ಬ್ಯಾಟರಿ ಮುಗಿದಿತ್ತು.

ಸಂಶೋಧಕಿ ಬರೆದು ತಂದಿದ್ದ ಹಾಳೆಯನ್ನು ಇನ್‌ಸ್ಪೆಕ್ಟರ್ ಸಾಲು ಸಾಲಾಗಿ ರೆಕಾರ್ಡಿನ ಜೊತೆ ಹೋಲಿಸಿದರು. ಒಂದು ಸಾಲು ಕಡಿಮೆ ಇತ್ತು.

"ಹಿರಿಯರು ಹೇಳಿದ ಮೇಲೆ ಅಡುಗೆಯವರು ಏನೋ ಹೇಳ್ತಾರಲ್ಲ. ಅದನ್ನ ಯಾಕೆ ಬರೆದಿಲ್ಲ?"

"ಅದೇನೂ ಇಲ್ಲ ಸಾರ್. ಒಪ್ಪಿಸೋದು. ಪ್ರತಿ ಮಾತಿಗೂ ಇರುತ್ತೆ. ಎಲ್ಲ ಎರಡೆರಡು ಸಲ ಬರೀಬೇಕಾಗುತ್ತೆ ಅಂತ ಆರು ವರ್ಷದಿಂದ ಬಿಟ್ಟುಕೊಂಡೇ ಬಂದಿದ್ದೀನಿ."

"ಈ ಒಂದನ್ನ ಬರೀರಿ."

ಆಕೆ ಇಯರ್‌ಫೋನ್ ಹಾಕಿಕೊಂಡು ಪೆನ್ಸಿಲ್ ಹಿಡಿದರು. ಎರಡು ನಿಮಿಷದ ಮೇಲೆ ಪೆನ್ಸಿಲ್ ನಿಂತಿತು. ಅಡುಗೆಯವರಿಗೆ ಹಿರಿಯರ ಮಾತು ಸರಿಯಾಗಿಯೇ ಕೇಳಿಸಿತ್ತು. ಕೇಳಿಸಿದ್ದನ್ನು ನಿಯಮದಂತೆ ಒಂದು ಪದ ಬಿಡದೆ ಹಿರಿಯರಿಗೇ ಒಪ್ಪಿಸಿದ್ದರು. ಒಪ್ಪಿಸಿ, ಡಾಕ್ಟರ್ ಕಡೆ ತಿರುಗಿ, ಅದರ ತದ್ವಿರುದ್ಧ ಹೇಳಿದ್ದರು. ಬೇರೆ ಯಾವ ಮನುಷ್ಯನಾದರೂ ಸುಳ್ಳು ಹೇಳುವ ಮುನ್ನ ನಿಜವನ್ನು ನುಂಗಿಕೊಳ್ಳುತ್ತಿದ್ದ. ಇವರಿಗೆ ಅದು ಬರಲಿಲ್ಲ, ಹಿರಿಯರ ಮಾತು ಒಪ್ಪಿಸದೆ ಬಿಡಲು ಅವರಿಂದಾಗಲಿಲ್ಲ.

ಇನ್ನು ಬೇಕಾಗಿದ್ದದ್ದು ಎರಡನೆಯ ಅನುವಾದಕ. ಸಂಶೋಧಕಿ ಆಗ ಒಂದು ವಿಷಯ ಬಾಯಿಬಿಟ್ಟರು. ಮೂವತ್ತೊಂದು ವರ್ಷದ ಹಿಂದೆ ಮಠ ಬಿಟ್ಟು ಬಂದವನೊಬ್ಬ ಊರಿನಲ್ಲೇ ಇದ್ದಾನೆ, ಟೈಲರ್. ತಾನು ಮೂರು ಸಲ ಹೋಗಿದ್ದೆ, ಮೂರು ಸಲವೂ ಬಾಗಿಲು ಹಾಕಿಕೊಂಡ. ಮರೆತಿದ್ದೇನೆ ಎನ್ನುತ್ತಾನೆ.

ಮಾರ್ಚ್ 12, ಬೆಳಿಗ್ಗೆ 11.05. ಅಂಗಡಿ ಎಂದರೆ ಮನೆಯ ಮುಂಭಾಗದ ಕೋಣೆ. ಒಂದು ಹೊಲಿಗೆ ಯಂತ್ರ, ಕತ್ತರಿಸುವ ಮೇಜು, ಸೀಮೆಸುಣ್ಣದ ಗೆರೆ ಬಿದ್ದ ಕಂದು ಬಟ್ಟೆ, ಗೋಡೆಯಲ್ಲಿ ಕಾಜಾ ಮಾಡಲು ಕಾಯುತ್ತಿದ್ದ ಏಳು ಅಂಗಿಗಳು. ಟೈಲರ್‌ಗೆ ಅರವತ್ತರ ಮೇಲಾಗಿತ್ತು. ಪೆಡಲ್ ಮೇಲಿನ ಕಾಲು ತೆಗೆಯದೆಯೇ ಮಾತಾಡಿದ. ತನಗೆ ಏನೂ ನೆನಪಿಲ್ಲ, ಮಗಳ ಮದುವೆಯೂ ಆಗಿ ಮೊಮ್ಮಕ್ಕಳಿದ್ದಾರೆ, ಈಗ ಆ ಸುದ್ದಿ ಯಾಕೆ ಎಂದ. ಇನ್‌ಸ್ಪೆಕ್ಟರ್ ವಾದ ಮಾಡಲಿಲ್ಲ. ಮೇಜಿನ ಮೇಲೆ ರೆಕಾರ್ಡರ್ ಇಟ್ಟು ಗುಂಡಿ ಒತ್ತಿದರು.

ಹಿರಿಯರ ದನಿ ಬಂದಾಗ ಯಂತ್ರ ನಿಂತಿತು. ತೊದಲು ಮುಗಿಯುತ್ತಿದ್ದಂತೆ, ರೆಕಾರ್ಡಿನಲ್ಲಿ ಅಡುಗೆಯವರು ಒಪ್ಪಿಸಲು ಶುರುಮಾಡುವ ಮುಂಚೆಯೇ, ಟೈಲರ್‌ನ ಬಾಯಿಂದ ಆ ಮಾತು ಹೊರಬಿತ್ತು. ಗಂಟಲಿನ ಆಳದಲ್ಲಿ ಹುಟ್ಟಿ ತುಟಿಯಲ್ಲಿ ನಿಲ್ಲುವ ಆರೆಂಟು ಪದ. ರೆಕಾರ್ಡಿನೊಳಗಿನ ದನಿಯೂ ಅದನ್ನೇ ಹೇಳಿತು. ಒಳಬಾಗಿಲಲ್ಲಿ ಅವನ ಹೆಂಡತಿ ಬಂದು ನಿಂತಿದ್ದರು. ಮೂವತ್ತು ವರ್ಷ ಜೊತೆಗೆ ಬಾಳಿದ ಗಂಡನ ಬಾಯಲ್ಲಿ ಇಂಥ ಸದ್ದನ್ನು ಆಕೆ ಕೇಳಿದ್ದು ಅದೇ ಮೊದಲು.

"ಏನು ಅದರ ಅರ್ಥ?"

ಟೈಲರ್ ಅಳತೆ ಟೇಪನ್ನು ಕೊರಳಿನಿಂದ ತೆಗೆದು ಮಡಿಸಿಟ್ಟ. "'ಕೆಳಗೆ ಕರ್ಕೊಂಡು ಹೋಗಿ. ಕಾಲು ಹೋದ್ರೆ ಹೋಗ್ಲಿ. ನನಗಿನ್ನೂ ಬದುಕೋ ಆಸೆ ಇದೆ.' ಅಷ್ಟೇ."

ಸಂಶೋಧಕಿಯ ಹಾಳೆಯಲ್ಲೂ ಅದೇ ಇತ್ತು. ಇವನು ಆ ಹಾಳೆಯನ್ನು ನೋಡಿರಲಿಲ್ಲ. 11.50ಕ್ಕೆ ಹೇಳಿಕೆ ಬರೆದು, ಓದಿ ಹೇಳಿ, ಸಹಿ ತೆಗೆದುಕೊಂಡರು. ಕೆಲಸ ಮುಗಿದಿತ್ತು. ಆದರೂ ಇನ್‌ಸ್ಪೆಕ್ಟರ್ ಎದ್ದು ಹೋಗದೆ ಇನ್ನೊಂದು ಪ್ರಶ್ನೆ ಕೇಳಿದರು. ಅದು ತನಿಖೆಗೆ ಸಂಬಂಧಿಸಿದ್ದಲ್ಲ, ಹಾಗಾಗಿ ಗಡಿಯಾರ ಬರೆದುಕೊಳ್ಳಲಿಲ್ಲ.

"ನಿಮಗೆ ಇನ್ನೂ ಬರುತ್ತೆ. ಅಡುಗೆಯವರಿಗೂ ಬರುತ್ತೆ. ಆ ಮೇಡಂ ಜೊತೆ ನೀವು ಒಂದಷ್ಟು ದಿನ ಕೂತರೆ..."

"ನಾನು ಬಿಟ್ಟು ಬಂದ ದಿನ ಹೇಳ್ಲಾ? ಅವನೂ ನಾನೂ ಒಂದೇ ಒಲೆ ಮುಂದೆ ಹದಿಮೂರು ವರ್ಷ ಕೆಲಸ ಮಾಡಿದವರು. ಹೋಗ್ತೀನಿ ಕಣೋ ಅಂದೆ. ಅವನು ಒಪ್ಪಿಸಲಿಲ್ಲ. ಇನ್ನೊಂದು ಸಲ ಅಂದೆ. ಈರುಳ್ಳಿ ಹೆಚ್ಕೊಂಡೇ ಇದ್ದ. ನಾನು ಅಲ್ಲಿ ನಿಂತೇ ಇಲ್ಲ ಅನ್ನೋ ಹಾಗೆ. ಆಮೇಲೆ ಆ ಮಾತು ಯಾರ ಹತ್ರ ಆಡ್ಬೇಕು ಸಾರ್? ಬರುತ್ತೆ, ನಿಜ. ಇವತ್ತು ಬಂತು. ಇನ್ನು ಬರಲ್ಲ."

ಯಂತ್ರ ಮತ್ತೆ ಓಡತೊಡಗಿತು. ಇನ್‌ಸ್ಪೆಕ್ಟರ್ ಆ ವಿಷಯ ಅಲ್ಲಿಗೇ ಬಿಟ್ಟರು.

ಮಾರ್ಚ್ 14, ಮಧ್ಯಾಹ್ನ 3.10. ಬಂಧನಕ್ಕೆ ಹೋದಾಗ ಅಡುಗೆಯವರು ಬೂದಿ ಹಾಕಿ ಪಾತ್ರೆ ಉಜ್ಜುತ್ತಿದ್ದರು. ಕೈ ತೊಳೆದುಕೊಂಡು ಬರಲು ಬಿಟ್ಟು, ಇನ್‌ಸ್ಪೆಕ್ಟರ್ ಅವರ ಮುಂದೆ ರೆಕಾರ್ಡ್ ಹಾಕಿದರು. ಅವರು ತಲೆ ತಗ್ಗಿಸಿ ಪೂರ್ತಿ ಕೇಳಿದರು. ತಮ್ಮದೇ ದನಿ ಹಿರಿಯರ ಮಾತನ್ನು ಒಪ್ಪಿಸಿದ್ದು ಕೇಳಿದಾಗ ಕಣ್ಣು ಮುಚ್ಚಿಕೊಂಡರು.

"ಇದರ ಅರ್ಥ ನಮಗೆ ಗೊತ್ತಾಗಿದೆ" ಎಂದರು ಇನ್‌ಸ್ಪೆಕ್ಟರ್.

"ಯಾರು ಹೇಳಿದ್ರು?" ಪೊಲೀಸರ ಮುಂದೆ ಒಪ್ಪಿಸುವುದನ್ನು ಅವರು ಬಿಟ್ಟದ್ದು ಅದೇ ಮೊದಲು.

"ಮಠ ಬಿಟ್ಟು ಬಂದ ಟೈಲರ್."

ಅವರ ಮುಖ ಅರಳಿತು. ಆ ಹೊತ್ತಿನಲ್ಲಿ ಆ ಮುಖದ ಮೇಲೆ ಸಂತೋಷ ನೋಡುವುದು ಇನ್‌ಸ್ಪೆಕ್ಟ‌ರ್‌ಗೆ ಕಷ್ಟವಾಯಿತು.

"ಅವನಿಗಿನ್ನೂ ಬರುತ್ತಾ?"

"ಬರುತ್ತೆ."

"ಇಲ್ಲಿಗೆ ಬರ್ತಾನಾ?"

"ಬರಲ್ಲ ಅಂದ."

"ಬರಲ್ಲ ಅಂದ" ಎಂದು ಅವರು ಒಪ್ಪಿಸಿದರು.

ಆಮೇಲೆ ಕೇಳಿದ್ದಕ್ಕೆಲ್ಲ ಉತ್ತರ ಕೊಟ್ಟರು, ಏನನ್ನೂ ಮುಚ್ಚಿಡಲಿಲ್ಲ. ಆಸ್ಪತ್ರೆಗೆ ಹೋಗಲು ಒಪ್ಪಿಗೆ ಎಂದು ಹೇಳಿಯೇ ಹಿರಿಯರ ಹೆಬ್ಬೆಟ್ಟು ಒತ್ತಿಸಿದ್ದರು. ಆಸ್ಪತ್ರೆಗೆ ಹೋದವರು ತಿಂಗಳುಗಟ್ಟಲೆ ಕೆಳಗೇ ಇರಬೇಕಾಗುತ್ತಿತ್ತು. ಕಾಲಿಲ್ಲದ ಮುದುಕರನ್ನು ಮತ್ತೆ ಗುಡ್ಡಕ್ಕೆ ಯಾರು ಕಳಿಸುತ್ತಾರೆ? ಮೂವತ್ತೆಂಟು ಜನ ಒಬ್ಬೊಬ್ಬರಾಗಿ ಹೋದದ್ದನ್ನು ಅವರು ಈ ಅಡುಗೆಮನೆಯಿಂದಲೇ ನೋಡಿದ್ದರು, ಪಾತ್ರೆ ಚಿಕ್ಕದು ಮಾಡಿಕೊಳ್ಳುತ್ತಾ ಬಂದಿದ್ದರು. ಹಿರಿಯರೂ ಇಳಿದು ಹೋದರೆ ಬೆಳಿಗ್ಗೆ ಎದ್ದು ಒಂದು ಮಾತು ಆಡಲು ಯಾರೂ ಇರುತ್ತಿರಲಿಲ್ಲ. ಹಿರಿಯರ ಮೇಲೆ ಕೋಪವಿತ್ತೇ ಎಂದು ಕೇಳಿದ್ದಕ್ಕೆ, ತಂದೆಯ ಮುಖ ನೆನಪಿಲ್ಲ, ಇವರ ಮುಖವೇ ಗೊತ್ತಿರುವುದು ಎಂದರು.

"ನೀವೂ ಜೊತೆಗೆ ಹೋಗಬಹುದಿತ್ತಲ್ಲ?"

"ನಾನೂ ಜೊತೆಗೆ ಹೋಗಬಹುದಿತ್ತಲ್ಲ ಅಂತ ಕೇಳ್ತಿದ್ದೀರಿ. ಗೋಡೆ ದಾಟಿದ್ರೆ ಒಳಮಾತು ಆಡೋ ಹಾಗಿಲ್ಲ. ಅವರ ಪಕ್ಕ ಮೂಕನ ಥರ ಕೂತ್ಕೊಂಡು ಏನು ಮಾಡ್ಲಿ?"

"ಇಲ್ಲೇ ಇದ್ರೆ ಸಾಯ್ತಾರೆ ಅಂತ ಡಾಕ್ಟರ್ ಹೇಳಿದ್ರು. ಅದೂ ಕೇಳಿಸಿತ್ತು."

"ಕೇಳಿಸಿತ್ತು. ಸಾಯೋವರೆಗಾದ್ರೂ ಮಾತಾಡ್ತಾರಲ್ಲ ಅಂದ್ಕೊಂಡೆ."

ಬಂಧನ ಮೆಮೊಗೆ 4.05ಕ್ಕೆ ಸಹಿಯಾಯಿತು. ಮಠದ ಹೊರಬಾಗಿಲಿಗೆ ಹೋಗುವ ಮುನ್ನ ಇನ್‌ಸ್ಪೆಕ್ಟರ್ ಕೊನೆಯ ಪ್ರಶ್ನೆ ಕೇಳಿದರು. ಸತ್ತವರು ಸಾಯುವ ಮುನ್ನ ಆಡಿದ ಮಾತು ದಾಖಲಾಗಬೇಕಾದದ್ದು ನಿಯಮ. ಸಂಶೋಧಕಿಯೂ ಹಿಂದಿನ ದಿನ ಬಂದು ಇದನ್ನೇ ಬೇಡಿಕೊಂಡು ಹೋಗಿದ್ದರು: ಬ್ಯಾಟರಿ ಮುಗಿದ ಮೇಲೆ ಹಿರಿಯರು ಬದುಕಿದ್ದ ದಿನಗಳಲ್ಲಿ ಏನೇನು ಮಾತಾಡಿದರು, ಅಷ್ಟನ್ನಾದರೂ ಬರೆಸಿಕೊಳ್ಳಿ ಎಂದು.

"17ರಿಂದ 28ರವರೆಗೆ, ಹನ್ನೊಂದು ದಿನ. ಹಿರಿಯರು ನಿಮ್ಮ ಹತ್ರ ಏನೇನು ಹೇಳಿದ್ರು?"

ಅಡುಗೆಯವರು ಹಿರಿಯರ ಕೋಣೆಯ ಬಾಗಿಲ ಕಡೆ ನೋಡಿದರು. ಗಡಿಯಾರ ಪೆನ್ನು ಹಿಡಿದುಕೊಂಡೇ ನಿಂತಿದ್ದ.

"ಅವರು ಶಾಲು ಹೊದ್ಕೊಂಡು ಕಾಯ್ತಾ ಕೂತಿದ್ರು. ಗಾಡಿ ಹೊರಟ ಸದ್ದು ಬಂತು. ಇಳಿದು ಹೋಗೋವರೆಗೂ ಕೇಳಿಸ್ಕೊಂಡ್ರು. ಆಮೇಲೆ ನನ್ನ ಮುಖ ನೋಡಿದ್ರು. ಅಷ್ಟೇ. ಗೋಡೆ ಕಡೆ ತಿರುಗಿ ಮಲಗಿದ್ರು. ನಾನು ಎಲ್ಲ ಹೇಳ್ದೆ. ತಪ್ಪಾಯ್ತು ಅಂದೆ. ಐದನೇ ದಿನ ಕಾಲು ಹಿಡ್ಕೊಂಡು, ಗಾಡಿ ಕರೆಸ್ಲಾ ಅಂತ ಕೇಳ್ದೆ. ಕರೆಸು ಅಂತ ಒಂದು ಮಾತು ಅಂದಿದ್ರೆ ಓಡ್ಕೊಂಡು ಹೋಗಿ ಕರೆಸ್ತಿದ್ದೆ. ನನ್ನ ಮಾತನ್ನೇ ಅವರು ಒಪ್ಪಿಸಲಿಲ್ಲ. ಹನ್ನೊಂದು ದಿನ, ಒಂದು ಮಾತೂ ಆಡದೇ ಹೋದ್ರು."

ಠಾಣೆಗೆ ಬಂದು ಇನ್‌ಸ್ಪೆಕ್ಟರ್ ಕೇಸ್ ಡೈರಿ ತೆಗೆದರು. ಉದ್ದೇಶ ಎಂದಿದ್ದ ಕಡೆ, ಆರೋಪಿಗೆ ಮಾತಾಡಲು ಒಬ್ಬರು ಬೇಕಿತ್ತು ಎಂದು ಬರೆದರು. ಹಾಗೆ ಬರೆಯಬಹುದೇ ಎಂದು ರೈಟರ್ ಅನುಮಾನಪಟ್ಟ, ಇನ್‌ಸ್ಪೆಕ್ಟರ್ ಹೊಡೆದುಹಾಕಲಿಲ್ಲ. ಆರು ಗಂಟೆಗೆ ಸಂಶೋಧಕಿಯ ಫೋನ್ ಬಂತು. ಬಂಧನದ ಬಗ್ಗೆ ಆಕೆ ಕೇಳಲಿಲ್ಲ. ಆ ಹನ್ನೊಂದು ದಿನದ ಮಾತು ಏನಾದರೂ ಸಿಕ್ಕಿತೇ, ನಾಲ್ಕು ಪದವಾದರೂ ಸರಿ ಎಂದರು.

"ಏನೂ ಇಲ್ಲ ಮೇಡಂ" ಎಂದರು ಇನ್‌ಸ್ಪೆಕ್ಟರ್.